ಬರೆಯಲು ಬಾರದವನ ಜೈಲು ಡೈರಿ

1963ರ ಏಪ್ರಿಲ್. ಅಮೆರಿಕದ ಬರ್ಮಿಂಗ್‌ಹ್ಯಾಮ್ ಜೈಲು. ಕರಿಯರಿಗೊಂದು ನ್ಯಾಯ, ಬಿಳಿಯರಿಗೊಂದು ನ್ಯಾಯ ಯಾಕೆ ಅಂತ ಬೀದಿಗಿಳಿದ ಮಾರ್ಟಿನ್ ಲೂಥರ್ ಕಿಂಗ್ ಅವರನ್ನು ಒಳಗೆ ಹಾಕಿದ್ದರು. ಕೈಗೆ ಸಿಕ್ಕ ಪತ್ರಿಕೆಯ ಅಂಚಿನಲ್ಲೇ ಅವರು ಬರೆಯತೊಡಗಿದರು. ಆ ಪತ್ರವನ್ನು ಜಗತ್ತು ಇವತ್ತಿಗೂ ಓದುತ್ತಿದೆ.

ಅಷ್ಟು ದೂರ ಯಾಕೆ, ಬೆಂಗಳೂರಿಗೇ ಬನ್ನಿ. ‘ಸಂಸ್ಕಾರ’ ಸಿನಿಮಾದ ಚಂದ್ರಿ ನೆನಪಿದ್ದಾಳಲ್ಲ? ಆ ಪಾತ್ರ ಮಾಡಿದ ಸ್ನೇಹಲತಾ ರೆಡ್ಡಿ ಅವರನ್ನು ತುರ್ತು ಪರಿಸ್ಥಿತಿಯಲ್ಲಿ, 1976ರ ಮೇ ತಿಂಗಳಲ್ಲಿ ಬಂಧಿಸಿದರು. ಬರೋಡಾ ಡೈನಮೈಟ್ ಪ್ರಕರಣದ ಅನುಮಾನ. ಕೊನೆಗೆ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ! ಆದರೂ ಮೀಸಾ ಕಾಯ್ದೆಯಡಿ, ವಿಚಾರಣೆಯಿಲ್ಲದೆ ಒಳಗಿಟ್ಟರು. ಆಸ್ತಮಾ ಹಿಂಡಿ ಹಾಕಿತು. 1977ರ ಜನವರಿ 15ರಂದು ಪೆರೋಲ್ ಸಿಕ್ಕಿತು. 20ರಂದು ತೀರಿಹೋದರು. ಉಳಿದದ್ದು ಅವರ ಜೈಲು ಡೈರಿ. ಅದರಲ್ಲಿ ತಮ್ಮ ನೋವಷ್ಟೇ ಅಲ್ಲ, ಜೊತೆಗಿದ್ದ ಹೆಣ್ಣು ಕೈದಿಗಳ ಪಾಡೂ ಇದೆ. ಆ ಜೈಲೇ ಇವತ್ತಿನ ಫ್ರೀಡಂ ಪಾರ್ಕ್.

ಸರಿ, ಇವರಿಬ್ಬರಿಗೂ ಅಕ್ಷರ ಗೊತ್ತಿತ್ತು. ಗೊತ್ತಿಲ್ಲದವರ ಕಥೆ ಏನು?

ದೇವದುರ್ಗದ್ದೋ ಮಾನ್ವಿಯದ್ದೋ ಒಬ್ಬ ಕೂಲಿಕಾರ, ಶ್ಯೂರಿಟಿ ಕೊಡುವವರಿಲ್ಲದೆ ರಾಯಚೂರು ಜೈಲಿನಲ್ಲಿ ಕೂತಿದ್ದಾನೆ ಅಂತಿಟ್ಟುಕೊಳ್ಳಿ. 2011ರ ಜನಗಣತಿಯಲ್ಲಿ ರಾಯಚೂರು ಜಿಲ್ಲೆಯ ಸಾಕ್ಷರತೆ ಶೇ. 60ರ ಆಸುಪಾಸು, ರಾಜ್ಯದ್ದು ಶೇ. 75. ಅವನು ಡೈರಿ ಬರೆಯುವುದೆಲ್ಲಿ ಬಂತು? ದೇಶದ ಜೈಲುಗಳಲ್ಲಿರುವ ಪ್ರತಿ ನಾಲ್ವರಲ್ಲಿ ಮೂವರು ವಿಚಾರಣಾಧೀನ ಕೈದಿಗಳು. ಅಂಥವರ ಬಗ್ಗೆ ಉಳಿಯುವ ಬರಹ ಒಂದೇ: ಜೈಲಿನ ರಿಜಿಸ್ಟರ್.

ಆ ರಿಜಿಸ್ಟರ್‌ನಲ್ಲಿ ಜಾತಿಗೂ ಒಂದು ಕಾಲಂ! ಅಲ್ಲಿ ಬಣ್ಣ, ಇಲ್ಲಿ ಜಾತಿ. ಅಡುಗೆ ಯಾರು ಮಾಡಬೇಕು, ಕಸ ಯಾರು ಬಳಿಯಬೇಕು ಅನ್ನೋದನ್ನು ಹಲವು ರಾಜ್ಯಗಳ ಜೈಲು ಕೈಪಿಡಿಗಳು ಜಾತಿ ನೋಡಿ ಹಂಚಿದ್ದವು. ಪತ್ರಕರ್ತೆ ಸುಕನ್ಯಾ ಶಾಂತಾ ಕೋರ್ಟ್ ಮೆಟ್ಟಿಲು ಹತ್ತಿದರು. 2024ರ ಅಕ್ಟೋಬರ್ 3ರಂದು ಸುಪ್ರೀಂ ಕೋರ್ಟ್ ಆ ನಿಯಮಗಳನ್ನು ರದ್ದು ಮಾಡಿ, ಜಾತಿ ಕಾಲಂ ತೆಗೆಯಿರಿ ಅಂತ ಹೇಳಿತು. ಸ್ವಾತಂತ್ರ್ಯ ಬಂದು 77 ವರ್ಷ ಆದಮೇಲೆ!

ಇನ್ನೊಂದು ಮಾತು. 1987ರ ಕಾನೂನು ಸೇವೆಗಳ ಕಾಯ್ದೆ ಪ್ರಕಾರ, ಬಂಧನದಲ್ಲಿರುವವರಿಗೆ ಉಚಿತ ವಕೀಲರು ಸಿಗಬೇಕು. ಅದು ಹಕ್ಕು, ಭಿಕ್ಷೆಯಲ್ಲ. ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಒಂದು ಅರ್ಜಿ ಕೊಟ್ಟರೆ ಆಯಿತು. ನಿಮ್ಮ ಓಣಿಯಲ್ಲಿ ಅಂಥವರ ಮನೆಯಿದ್ದರೆ ಅವರಿಗೆ ಇದನ್ನು ಹೇಳಿ. ಅವನ ಡೈರಿಯನ್ನು ನಾವು ಬರೆಯೋಕಾಗಲ್ಲ, ನಿಜ. ಅರ್ಜಿಯನ್ನಾದರೂ ಬರೆದುಕೊಡಬಹುದಲ್ಲ?