ಜಿಪ್ ಫೈಲಿನೊಳಗಿನ ಊರು: ಮಾಡ್ ಸರ್ವರ್ ಹಂಚಿಕೆಯ ಮೂರು ದಶಕ

ವಿಡಿಯೊ ಗೇಮ್ ಬಗ್ಗೆ ಕನ್ನಡದಲ್ಲಿ ಬರುವ ಲೇಖನಗಳು ಹೆಚ್ಚಾಗಿ ಎರಡೇ ಜಾಡು ಹಿಡಿಯುತ್ತವೆ: ಮಕ್ಕಳು ಕೆಟ್ಟರು ಎಂಬ ಕೊರಗು, ಇಲ್ಲವೇ ಯೂಟ್ಯೂಬಿನಲ್ಲಿ ಆಡಿ ಹಣ ಗಳಿಸಿದವರ ಗುಣಗಾನ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ಪಬ್‌ಜಿ ನಿಷೇಧಿಸಿದಾಗ ನಡೆದದ್ದೂ ಇದೇ ಚರ್ಚೆ. ಅದರ ಆಸುಪಾಸಿನಲ್ಲೇ ಹೈಡ್ರಾ ಟೌನ್, ಲೆಗಸಿ ರೋಲ್‌ಪ್ಲೇ ಇಂಡಿಯಾದಂಥ ಜಿಟಿಎ ಸರ್ವರ್‌ಗಳು ಹೆಸರು ಮಾಡಿದವು. ಮಾಡ್ (ಆಟಗಾರರೇ ತಿದ್ದಿದ ಆಟ) ಸರ್ವರ್ ಎಂಬುದು ಲಾಕ್‌ಡೌನಿನ ಕೂಸು ಎಂಬ ನಂಬಿಕೆಯೂ ಬೇರೂರಿತು. ಆ ಸರ್ವರ್‌ಗಳ ಹಿಂದೆ ಕಾಲು ಶತಮಾನದ ಕೈಕೆಲಸವಿದೆ. ಫೈಲು ಬರೆದವರು, ಜಿಪ್ ಮಾಡಿ ಹಂಚಿದವರು, ಪಡೆದು ತಿದ್ದಿ ಮತ್ತೆ ಹಂಚಿದವರು, ಇವರ ಸುದ್ದಿ ಎಲ್ಲೂ ಬರುವುದಿಲ್ಲ. ‘ಸರ್ವರ್ ಫೈಲು’ ಎಂದೊಡನೆ ಕದ್ದ ಮಾಲು ಎಂದುಕೊಳ್ಳುವವರೇ ಜಾಸ್ತಿ.

ಆಟದ ಚಿತ್ರ, ಸದ್ದು, ರಸ್ತೆ, ಗುಡ್ಡ ಎಲ್ಲ ಆಡುವವರ ಕಂಪ್ಯೂಟರಿನಲ್ಲೇ ಇರುತ್ತವೆ. ಯಾರ ಬಳಿ ಎಷ್ಟು ದುಡ್ಡಿದೆ, ಯಾವ ಮನೆ ಯಾರದು, ಪೊಲೀಸನಾಗಲು ಏನು ಮಾಡಬೇಕು, ಸತ್ತವರು ಎಲ್ಲಿ ಏಳುತ್ತಾರೆ ಎಂಬುದನ್ನು ತೀರ್ಮಾನಿಸುವುದು ಸರ್ವರ್. ಆ ತೀರ್ಮಾನಗಳೆಲ್ಲ ಒಂದು ಫೋಲ್ಡರಿನಲ್ಲಿರುತ್ತವೆ: ಸೆಟ್ಟಿಂಗಿನ ಫೈಲು, ಆಟದ ನಿಯಮ ಬರೆದ ಸ್ಕ್ರಿಪ್ಟು, ಪ್ಲಗಿನ್‌ಗಳು, ಆಟಗಾರರ ಲೆಕ್ಕ. ಈ ಫೋಲ್ಡರ್ ಕೈಗೆ ಸಿಕ್ಕವರಿಗೆ ಒಂದು ಇಡೀ ಊರನ್ನು ಮತ್ತೆ ಎಬ್ಬಿಸಲು ಬರುತ್ತದೆ.

ಆರಂಭದ ಕತೆ ಚಿಕ್ಕದು. 1993ರ ಡಿಸೆಂಬರಿನಲ್ಲಿ ಇಡ್ ಸಾಫ್ಟ್‌ವೇರ್ ಹೊರತಂದ ಡೂಮ್, ಆಟದ ಎಂಜಿನ್ನನ್ನೂ ಸಾಮಗ್ರಿಯನ್ನೂ ಬೇರೆ ಬೇರೆ ಇಟ್ಟಿತು. ಸಾಮಗ್ರಿ ಇದ್ದ ‘ವ್ಯಾಡ್’ ಫೈಲನ್ನು ಬದಲಿಸಿದರೆ ಹೊಸ ಆಟ. 1996ರ ಕ್ವೇಕ್ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಅದರ ನಿಯಮಗಳು ಕ್ವೇಕ್-ಸಿ ಎಂಬ ಸಣ್ಣ ಭಾಷೆಯಲ್ಲಿದ್ದು, ಓಡುತ್ತಿದ್ದುದು ಸರ್ವರಿನಲ್ಲಿ. ಒಬ್ಬ ತನ್ನ ಸರ್ವರಿನಲ್ಲಿ ಒಂದು ಫೈಲು ಬದಲಿಸಿದರೆ ಸಾಕು, ಬಂದು ಸೇರಿಕೊಂಡವರೆಲ್ಲ ಹೊಸ ನಿಯಮಕ್ಕೆ ಒಳಗಾಗುತ್ತಿದ್ದರು. ಟೀಮ್ ಫೋರ್ಟ್ರೆಸ್ ಹುಟ್ಟಿದ್ದು ಹೀಗೆ. ಮುಂದೆ ಬಂದ ಎಲ್ಲಕ್ಕೂ ಬುನಾದಿ ಇದೇ.

ನಮ್ಮ ಕಡೆಗೆ ಈ ಗಾಳಿ ಬೀಸಿದ್ದು ಕೌಂಟರ್-ಸ್ಟ್ರೈಕ್ ಮೂಲಕ. ಮಿನ್ ಲೀ ಮತ್ತು ಜೆಸ್ ಕ್ಲಿಫ್ 1999ರಲ್ಲಿ ಹಾಫ್-ಲೈಫ್ ಆಟದ ಮೇಲೆ ಕಟ್ಟಿದ ಈ ಮಾಡ್, ಬೆಂಗಳೂರು-ಮೈಸೂರಿನ ಸೈಬರ್ ಸೆಂಟರುಗಳಲ್ಲಿ ಗಂಟೆ ಲೆಕ್ಕದ ಆಟವಾಯಿತು. ಅದರ ಸರ್ವರಿನಲ್ಲಿ ಪ್ಲಗಿನ್ ಓಡಿಸಲು ಹಾಕುತ್ತಿದ್ದ ಎಎಂಎಕ್ಸ್ ಮಾಡ್ ಎಕ್ಸ್, ಜಿಪಿಎಲ್ ಎಂಬ ಮುಕ್ತ ಪರವಾನಗಿಯಡಿ ಇತ್ತು; ಮೂಲ ಸಂಕೇತ ಕೊಡದೆ ಪ್ಲಗಿನ್ ಹಂಚುವಂತಿಲ್ಲ ಎಂಬ ಕಟ್ಟಳೆಯೂ ಜೊತೆಗಿತ್ತು. ಈ ಕಟ್ಟಳೆಗೆ ಸಿಗಬೇಕಾದ ಗೌರವ ಸಿಕ್ಕಿಲ್ಲ. ಪ್ಲಗಿನ್ ಇಳಿಸಿಕೊಂಡವನು ಅದನ್ನು ತೆರೆದು ಓದಲೂಬಹುದಿತ್ತು, ಓದಿ ಕಲಿಯಲೂಬಹುದಿತ್ತು.

ಇದೇ ವೇಳೆಗೆ ಇನ್ನೊಂದು ಕವಲೂ ಒಡೆದಿತ್ತು: ಕಂಪನಿ ತನ್ನಲ್ಲೇ ಇಟ್ಟುಕೊಂಡ ಸರ್ವರನ್ನು ಹೊರಗಿನವರು ಹೊಸದಾಗಿ ಬರೆಯುವುದು. ಬ್ಲಿಜಾರ್ಡ್‌ನ ಬ್ಯಾಟಲ್.ನೆಟ್‌ಗೆ ಬದಲಿಯಾಗಿ ಬರೆದ ಬಿನೆಟ್‌ಡಿ ವಿರುದ್ಧ 2005ರಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯ ತೀರ್ಪು ಕೊಟ್ಟಿತು. ಅದೇ ವರ್ಷ ವರ್ಲ್ಡ್ ಆಫ್ ವಾರ್‌ಕ್ರಾಫ್ಟ್‌ಗಾಗಿ ಮ್ಯಾಂಗೋಸ್ ಶುರುವಾಯಿತು, 2008ರಲ್ಲಿ ಅದರಿಂದ ಟ್ರಿನಿಟಿಕೋರ್ ಕವಲೊಡೆಯಿತು. ಸರ್ವರ್ ಫೈಲಿಗೆ ಕಳ್ಳಮಾಲಿನ ಹೆಸರು ಅಂಟಿದ್ದು ಹೆಚ್ಚಾಗಿ ಈ ಕವಲಿನಿಂದ. ಅದನ್ನೇ ಇಡೀ ಕ್ಷೇತ್ರದ ಮೇಲೆ ಹೊರಿಸುವುದು ಅನ್ಯಾಯ.

ನಿಲ್ಲಬೇಕಾದ ಜಾಗ ಸ್ಯಾಂಪ್. ಜಿಟಿಎ ಸ್ಯಾನ್ ಆಂಡ್ರಿಯಾಸ್ 2005ರ ಜೂನ್‌ನಲ್ಲಿ ಕಂಪ್ಯೂಟರಿಗೆ ಬಂದಾಗ ಅದರಲ್ಲಿ ಒಬ್ಬನೇ ಆಡಬೇಕಿತ್ತು. ಮರುವರ್ಷ ಬಂದ ಸ್ಯಾಂಪ್ (ಸ್ಯಾನ್ ಆಂಡ್ರಿಯಾಸ್ ಮಲ್ಟಿಪ್ಲೇಯರ್) ಎಂಬ ಮಾಡ್ ಆ ಒಂಟಿ ನಗರಕ್ಕೆ ಜನ ತುಂಬಿತು. ಆಟ ಗಿಗಾಬೈಟುಗಳ ಲೆಕ್ಕದ್ದಾದರೂ ಸರ್ವರಿನ ಜಿಪ್ ಕೆಲವೇ ಎಂಬಿ. ಬಿಚ್ಚಿದರೆ ಗೇಮ್‌ಮೋಡ್ಸ್, ಫಿಲ್ಟರ್‌ಸ್ಕ್ರಿಪ್ಟ್ಸ್, ಸ್ಕ್ರಿಪ್ಟ್‌ಫೈಲ್ಸ್ ಎಂಬ ಫೋಲ್ಡರ್‌ಗಳು ಮತ್ತು ಒಂದು ಸೆಟ್ಟಿಂಗ್ ಫೈಲು. ಅದರಲ್ಲಿ ಪೋರ್ಟ್ 7777, ಅಡ್ಮಿನ್ ಪಾಸ್‌ವರ್ಡಿನ ಜಾಗದಲ್ಲಿ ‘ಚೇಂಜ್‌ಮಿ’. ಅದನ್ನು ಬದಲಿಸುವವರೆಗೆ ಸರ್ವರ್ ಏಳುತ್ತಲೇ ಇರಲಿಲ್ಲ. ಒಂದು ತಲೆಮಾರಿನ ಹುಡುಗರು ಭದ್ರತೆಯ ಮೊದಲ ಪಾಠವನ್ನು ಈ ಒಂದು ಸಾಲಿನಿಂದ ಕಲಿತರು.

ಸ್ಯಾಂಪಿನ ಸ್ಕ್ರಿಪ್ಟುಗಳ ಭಾಷೆ ಪಾನ್. ಎಎಂಎಕ್ಸ್ ಮಾಡ್ ಎಕ್ಸ್‌ನದೂ ಅದೇ ಆದ್ದರಿಂದ ಕೌಂಟರ್-ಸ್ಟ್ರೈಕ್ ಪ್ಲಗಿನ್ ತಿದ್ದಿದ ಕೈಗೆ ಇದು ಹೊಸದಾಗಿರಲಿಲ್ಲ. ‘ಗಾಡ್‌ಫಾದರ್’ ಎಂಬ ರೋಲ್‌ಪ್ಲೇ ಸ್ಕ್ರಿಪ್ಟು ಸಾವಿರಾರು ಸಾಲುಗಳ ಒಂದೇ ಫೈಲಾಗಿ ಜಗತ್ತನ್ನೆಲ್ಲ ಸುತ್ತಿತು. ಅದರ ಮೇಲೆ ತಿದ್ದುಪಡಿ, ಆ ತಿದ್ದುಪಡಿಯ ಮೇಲೆ ಮತ್ತೊಂದು. ಮೂಲ ಲೇಖಕರ ಹೆಸರಿನ ಸಾಲನ್ನು ಅಳಿಸಿದವರೂ ಇದ್ದರು, ಕೆಳಗೆ ತಮ್ಮ ಹೆಸರು ಸೇರಿಸಿ ಮೇಲಿನ ಹೆಸರುಗಳನ್ನು ಉಳಿಸಿಕೊಂಡವರೂ ಇದ್ದರು. ಈ ಎರಡನೆಯವರಿಂದಲೇ ಕ್ಷೇತ್ರ ಬೆಳೆಯಿತು. ವೈ-ಲೆಸ್ ಎಂಬ ಅಡ್ಡಹೆಸರಿನ ಪ್ರೋಗ್ರಾಮರ್ ಬರೆದ ಎಸ್‌ಸ್ಕ್ಯಾನ್ಎಫ್, ವೈಎಸ್‌ಐ ಲೈಬ್ರರಿಗಳು, ಇನ್‌ಕಾಗ್ನಿಟೊ ಎಂಬುವರ ಸ್ಟ್ರೀಮರ್ ಪ್ಲಗಿನ್ ಇಲ್ಲದ ದೊಡ್ಡ ಸರ್ವರ್ ಅಪರೂಪವಾಗಿತ್ತು.

ಒಂದು ದೋಷವನ್ನು ಮರೆಮಾಚಬಾರದು. ಆರಂಭದ ಸ್ಕ್ರಿಪ್ಟುಗಳು ಆಟಗಾರರ ವಿವರವನ್ನು ಸ್ಕ್ರಿಪ್ಟ್‌ಫೈಲ್ಸ್ ಫೋಲ್ಡರಿನಲ್ಲಿ ತಲಾ ಒಂದೊಂದು ಪಠ್ಯ ಫೈಲಾಗಿ ಇಡುತ್ತಿದ್ದವು. ಪಾಸ್‌ವರ್ಡ್ ಕೆಲವೊಮ್ಮೆ ಇದ್ದ ಹಾಗೇ, ಕೆಲವೊಮ್ಮೆ ಬಹಳ ದುರ್ಬಲ ಹ್ಯಾಶ್ ರೂಪದಲ್ಲಿ ಇರುತ್ತಿತ್ತು. ಇಡೀ ಫೋಲ್ಡರನ್ನು ಜಿಪ್ ಮಾಡಿ ಗೆಳೆಯರಿಗೆ ಕೊಟ್ಟವರು ಅರಿಯದೆ ಊರಿನವರೆಲ್ಲರ ಕೀಲಿಯನ್ನೂ ಕೊಟ್ಟುಬಿಡುತ್ತಿದ್ದರು.

ಇದೆಲ್ಲ ತಮಿಳುನಾಡಿನ ನೀಲಗಿರಿಯಂಥ ಜಿಲ್ಲೆಯನ್ನು ಮುಟ್ಟಿದ ಬಗೆ ನಗರದವರಿಗೆ ತಿಳಿದಿರಲಿಕ್ಕಿಲ್ಲ. ಬಿಎಸ್‌ಎನ್‌ಎಲ್ 2005ರಲ್ಲಿ ಡೇಟಾಒನ್ ಬ್ರಾಡ್‌ಬ್ಯಾಂಡ್ ತಂದಾಗ ವೇಗ ಶುರುವಾಗುತ್ತಿದ್ದುದು 256 ಕೆಬಿಪಿಎಸ್‌ನಿಂದ. ಕೆಲವು ಪ್ಲಾನುಗಳಲ್ಲಿ ಬೆಳಗಿನ ಜಾವ 2ರಿಂದ 8ರವರೆಗೆ ಎಷ್ಟು ಬೇಕಾದರೂ ಇಳಿಸಿಕೊಳ್ಳಬಹುದಿತ್ತು. ದೊಡ್ಡ ಫೈಲಿಗೆ ಅದೇ ಹೊತ್ತು. ಮೈಸೂರಿನಿಂದ ನೀಲಗಿರಿಯ ಗೂಡಲೂರಿಗೆ ಬರುವ ಬಂಡೀಪುರದ ರಸ್ತೆಯಲ್ಲಿ 2009ರಿಂದ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರ ಬಂದ್. ಹಗಲಿನ ಬಸ್ಸಿನಲ್ಲಿ ಮೈಸೂರಿಗೆ ಹೋಗಿ ಬರುವವರ ಕಿಸೆಯ ಪೆನ್‌ಡ್ರೈವು ಎಷ್ಟೋ ಸಲ ನೆಟ್ಟಿಗಿಂತ ವೇಗವಾದ ದಾರಿಯಾಗಿತ್ತು.

2011ರ ಸೆಪ್ಟೆಂಬರಿನಲ್ಲಿ ತಮಿಳುನಾಡು ಸರ್ಕಾರ ಸರ್ಕಾರಿ ಮತ್ತು ಅನುದಾನಿತ ಶಾಲೆ-ಕಾಲೇಜುಗಳ ವಿದ್ಯಾರ್ಥಿಗಳಿಗೆ ಉಚಿತ ಲ್ಯಾಪ್‌ಟಾಪ್ ಕೊಡಲು ತೊಡಗಿತು. ಅದರಲ್ಲಿ ವಿಂಡೋಸ್ ಜೊತೆಗೆ ಸಿ-ಡ್ಯಾಕಿನ ಬಾಸ್ ಲಿನಕ್ಸ್ ಇರುತ್ತಿತ್ತು. ಸ್ಯಾಂಪ್ ಸರ್ವರಿಗೆ ಎರಡಕ್ಕೂ ಹೊಂದುವ ಆವೃತ್ತಿಗಳಿದ್ದವು, ಹಳೆಯ ಆಟವಾದ್ದರಿಂದ ದುಬಾರಿ ಗ್ರಾಫಿಕ್ಸ್ ಕಾರ್ಡೂ ಬೇಕಿರಲಿಲ್ಲ. ಹೀಗೆ ಗೂಡಲೂರು, ಮಸಿನಗುಡಿ ಕಡೆಯ ಮನೆಗಳಿಗೂ ಸರ್ವರ್ ನಡೆಸಬಲ್ಲ ಯಂತ್ರ ಬಂದಂತಾಯಿತು. 2012ರಲ್ಲಿ ಆ ರಾಜ್ಯದ ಜಿಲ್ಲೆಗಳನ್ನು ಗಂಟೆಗಟ್ಟಲೆ ಕಾಡಿದ ಕರೆಂಟು ಕಡಿತದಲ್ಲಿ ಲ್ಯಾಪ್‌ಟಾಪಿನ ಬ್ಯಾಟರಿಗೆ ಎಷ್ಟು ಬೆಲೆಯಿತ್ತು ಎಂಬುದನ್ನು ಬಿಡಿಸಿ ಹೇಳಬೇಕಿಲ್ಲ. ಉಚಿತ ಲ್ಯಾಪ್‌ಟಾಪಿನ ಬಗ್ಗೆ ನಡೆದ ಚರ್ಚೆಗಳಲ್ಲಿ ‘ಹುಡುಗರು ಗೇಮ್ ಆಡಿದರು’ ಎಂಬುದು ದೂರಾಗಿಯೇ ಉಳಿಯಿತು. ಪೋರ್ಟ್ ತೆರೆಯುವುದು, ಲಾಗ್ ಓದುವುದು, ಕಂಪೈಲರ್ ಕೊಟ್ಟ ತಪ್ಪಿನ ಸಾಲನ್ನು ಹುಡುಕುವುದು, ಇವನ್ನೆಲ್ಲ ಕಲಿಸಿದ್ದೂ ಆ ಗೇಮೇ.

ನಂತರದ ತಿರುವು ವಿಚಿತ್ರ. ನೆಟ್ ವೇಗವಾದಂತೆ ಮನೆಯಿಂದ ಸರ್ವರ್ ನಡೆಸುವುದು ಕಷ್ಟವಾಯಿತು. ಬಿಎಸ್‌ಎನ್‌ಎಲ್ ಮೋಡೆಮ್ಮಿಗೆ ಬದಲಾಗುತ್ತಿದ್ದರೂ ಹೊರಗಿನಿಂದ ಮುಟ್ಟಬಹುದಾದ ಐಪಿ ವಿಳಾಸ ಸಿಗುತ್ತಿತ್ತು. 2016ರ ಸೆಪ್ಟೆಂಬರಿನಲ್ಲಿ ಜಿಯೊ ಬಂತು. ಮೊಬೈಲ್ ಜಾಲಗಳಲ್ಲಿ ಸಾವಿರಾರು ಜನ ಒಂದೇ ವಿಳಾಸವನ್ನು ಹಂಚಿಕೊಳ್ಳುತ್ತಾರೆ; ಒಳಗಿನಿಂದ ಹೊರಗೆ ಹೋಗಬಹುದು, ಹೊರಗಿನವರು ಒಳಗೆ ಬರಲಾರರು. ಅದೇ ವರ್ಷ ಡಿಜಿಟಲ್‌ಓಷನ್ ಬೆಂಗಳೂರಿನಲ್ಲಿ, ಅಮೆಜಾನ್ ಮುಂಬೈಯಲ್ಲಿ ಡೇಟಾ ಸೆಂಟರ್ ತೆರೆದವು. ಕ್ರೆಡಿಟ್ ಕಾರ್ಡು ಇದ್ದವರಿಗೆ ಬೆಂಗಳೂರಿನಲ್ಲೇ ಸರ್ವರ್ ಬಾಡಿಗೆಗೆ ಸಿಕ್ಕಿತು. ಇಲ್ಲದ ಹುಡುಗರು ಜರ್ಮನಿಯ ಆಟರ್ನೋಸ್‌ನಂಥ ಉಚಿತ ಮೈನ್‌ಕ್ರಾಫ್ಟ್ ಸೇವೆಯ ಸರದಿಯಲ್ಲಿ ಕಾದರು. ಫೋಲ್ಡರ್ ಅವರ ಕೈ ತಪ್ಪಿತು. ಉಳಿದದ್ದು ಒಂದು ಬಟನ್.

ಮೈನ್‌ಕ್ರಾಫ್ಟಿನ ಕತೆಯನ್ನು ಇಲ್ಲಿ ಕಾನೂನಿನ ಪಾಠಕ್ಕಾಗಿಯಷ್ಟೇ ಹೇಳಬೇಕು. 2010ರ ಕೊನೆಗೆ ಹುಟ್ಟಿದ ಬಕಿಟ್, ಪ್ಲಗಿನ್ ಹಾಕಬಲ್ಲ ಸರ್ವರನ್ನು ಕೊಟ್ಟಿತು. ಅದರಲ್ಲಿ ಮೊಜಾಂಗ್ ಕಂಪನಿಯ ಸಂಕೇತವೂ ಜಿಪಿಎಲ್ ಅಡಿಯ ಸ್ವಯಂಸೇವಕರ ಸಂಕೇತವೂ ಬೆರೆತಿದ್ದವು. 2014ರ ಸೆಪ್ಟೆಂಬರಿನಲ್ಲಿ ವೆಸ್ಲಿ ವುಲ್ಫ್ ಎಂಬ ಡೆವಲಪರ್ ತಮ್ಮ ಹಕ್ಕುಸ್ವಾಮ್ಯದ ಹೆಸರಿನಲ್ಲಿ ನೋಟಿಸ್ ಕೊಟ್ಟರು. ಡೌನ್‌ಲೋಡ್ ನಿಂತಿತು. ಅದಕ್ಕೆ ಬಕಿಟ್‌ನಿಂದ ಕವಲೊಡೆದ ಸ್ಪಿಗಾಟ್ ಕಂಡುಕೊಂಡ ಪರಿಹಾರ ಜಾಣತನದ್ದು. ಸಿದ್ಧ ಸರ್ವರನ್ನು ಹಂಚುವ ಬದಲು, ಕಂಪನಿಯ ಮೂಲ ಫೈಲನ್ನು ಪ್ರತಿಯೊಬ್ಬರೂ ತಾವೇ ಇಳಿಸಿಕೊಂಡು ತಮ್ಮ ಯಂತ್ರದಲ್ಲೇ ತಿದ್ದುಪಡಿ ಹಾಕಿ ಕಟ್ಟಿಕೊಳ್ಳುವ ಸಾಧನವನ್ನು ಅದು ಹಂಚಿತು. ಯೂರೊ ಟ್ರಕ್ ಸಿಮ್ಯುಲೇಟರ್ 2ರಲ್ಲೂ ಇದಕ್ಕೆ ಹತ್ತಿರದ ಕ್ರಮವಿದೆ: ಸರ್ವರಿಗೆ ಕೊಡುವುದು ನಕ್ಷೆ-ಮಾಡ್‌ಗಳ ವಿವರದ ಎರಡು ಸಣ್ಣ ಫೈಲು ಮಾತ್ರ, ಮಾಡ್‌ಗಳನ್ನು ಆಡುವವರೇ ತಂದುಕೊಳ್ಳಬೇಕು. ಏನನ್ನು ಹಂಚಬಹುದು, ಏನನ್ನು ಹಂಚಬಾರದು ಎಂಬ ಪ್ರಶ್ನೆಗೆ ಈ ಕ್ಷೇತ್ರ ಕೊಟ್ಟ ಅತ್ಯಂತ ಪ್ರಬುದ್ಧ ಉತ್ತರಗಳಿವು.

ಲಾಕ್‌ಡೌನಿನ ತಲೆಮಾರು ಇದನ್ನು ಮರೆತು ಮುಂದೆ ಹೋಯಿತು. ಜಿಟಿಎ ಐದರ ಮಾಡ್ ಆದ ಫೈವ್‌ಎಂ ಸರ್ವರ್‌ಗಳಲ್ಲಿ ಇಎಸ್‌ಎಕ್ಸ್, ಕ್ಯೂಬಿಕೋರ್ ಎಂಬ ಲುವಾ ಚೌಕಟ್ಟುಗಳು ಮುಕ್ತವಾಗಿಯೇ ಸಿಗುತ್ತವೆ. ಅವುಗಳ ಮೇಲೆ ಹಾಕುವ ಸ್ಕ್ರಿಪ್ಟುಗಳಲ್ಲಿ ದುಡ್ಡು ಕೊಟ್ಟು ಕೊಳ್ಳುವವು ಹೆಚ್ಚುತ್ತಾ ಹೋದವು. 2021ರಿಂದ ಅವನ್ನು ಬೀಗ ಹಾಕಿ ಮಾರುವ ವ್ಯವಸ್ಥೆಯೂ ಬಂತು. ಬೀಗ ಬಂದಲ್ಲಿ ‘ಲೀಕ್’ ಬಂತು. ಪುಕ್ಕಟೆ ಸಿಕ್ಕ ಎಷ್ಟೋ ಸ್ಕ್ರಿಪ್ಟುಗಳಲ್ಲಿ ಓದಲಾಗದಂತೆ ಸಂಕೇತಗಳಲ್ಲಿ ಬರೆದ ಒಂದು ಸಾಲು ಅಡಗಿದ್ದು, ಹೊರಗಿನ ಸರ್ವರಿನಿಂದ ಆಜ್ಞೆ ತಂದು ಓಡಿಸುತ್ತದೆ. 2023ರ ಜೂನ್‌ನಲ್ಲಿ ಮೈನ್‌ಕ್ರಾಫ್ಟ್ ಮಾಡ್‌ಗಳಲ್ಲಿ ಪತ್ತೆಯಾದ ಫ್ರ್ಯಾಕ್ಚರೈಸರ್ ಎಂಬ ಕೆಡುಕು ತಂತ್ರಾಂಶ, ಹೆಸರಾಂತ ತಾಣದಿಂದ ಇಳಿಸಿಕೊಂಡರೂ ಅಪಾಯ ತಪ್ಪಿದ್ದಲ್ಲ ಎಂದು ತೋರಿಸಿತು. ಅದೇ ವರ್ಷದ ಆಗಸ್ಟಿನಲ್ಲಿ ಫೈವ್‌ಎಂ ತಂಡವನ್ನು ಜಿಟಿಎ ತಯಾರಕ ರಾಕ್‌ಸ್ಟಾರ್ ಕೊಂಡಿತು. ಇದೇ ಮಾಡ್ ಮಾಡಿದವರನ್ನು 2015ರಲ್ಲಿ ನಿರ್ಬಂಧಿಸಿದ್ದ ಕಂಪನಿ ಅದು.

ಕನ್ನಡದ ಲೆಕ್ಕ ಬೇರೆ. ಸ್ಯಾಂಪ್ ಯೂನಿಕೋಡ್ ಅರಿಯದು, ವಿಂಡೋಸಿನ ಹಳೆಯ ಕೋಡ್‌ಪೇಜುಗಳನ್ನು ನಂಬಿತ್ತು. ರಷ್ಯನ್ನಿಗೆ ಅಂಥ ಕೋಡ್‌ಪೇಜ್ ಇತ್ತು, ಥಾಯ್‌ಗೂ ಇತ್ತು, ಕನ್ನಡಕ್ಕೆ ಇರಲಿಲ್ಲ. ಹಾಗಾಗಿ ನಮ್ಮ ಹುಡುಗರ ಮಾತೆಲ್ಲ ಇಂಗ್ಲಿಷ್ ಅಕ್ಷರದಲ್ಲೇ ನಡೆಯಿತು. ಮೈನ್‌ಕ್ರಾಫ್ಟಿನ ಜಾವಾ ಆವೃತ್ತಿಯ ಭಾಷೆಗಳ ಪಟ್ಟಿಯಲ್ಲಿ ಕನ್ನಡವಿದೆ, ಸ್ವಯಂಸೇವಕರು ಅನುವಾದಿಸಿದ್ದಾರೆ. ಆದರೆ ಒತ್ತಕ್ಷರ ಸರಿಯಾಗಿ ಕೂಡಿಕೊಳ್ಳುವುದಿಲ್ಲ. ಮುಕ್ತ ತಂತ್ರಾಂಶವಾದ ಲುವಾಂಟಿಗೆ (2024ರವರೆಗೆ ಮೈನ್‌ಟೆಸ್ಟ್) ಕನ್ನಡ ಅನುವಾದದ ಫೈಲು ಇದ್ದೂ, ಇದೇ ಕಾರಣಕ್ಕೆ ಅದನ್ನು ಆಯ್ಕೆಯ ಪಟ್ಟಿಯಿಂದ ಬಹುಕಾಲ ಹೊರಗಿಟ್ಟಿದ್ದರು. ಅಕ್ಷರ ಕೂಡಿಸುವ ಹಾರ್ಫ್‌ಬಜ್ ಲೈಬ್ರರಿ ಮುಕ್ತವಾಗಿಯೇ ಸಿಗುತ್ತದೆ, ಆಂಡ್ರಾಯ್ಡ್ ಫೋನುಗಳಲ್ಲಿ ಕನ್ನಡ ಮೂಡಿಸುವುದೂ ಅದೇ. ಅದನ್ನು ಈ ಆಟಕ್ಕೆ ಜೋಡಿಸುವ ಕೆಲಸಕ್ಕೆ ಕನ್ನಡ ಬಲ್ಲ ಪ್ರೋಗ್ರಾಮರುಗಳು ಕೈಹಾಕಬೇಕು. ಬೆಂಗಳೂರಿನಲ್ಲಿ ಅವರಿಗೆ ಬರವಿಲ್ಲ. ಇನ್ನು ಫೈವ್‌ಎಂನ ಮೆನುಗಳು ಬ್ರೌಸರ್ ಎಂಜಿನ್ನಿನಲ್ಲಿ ಮೂಡುವುದರಿಂದ ಅಲ್ಲಿ ಕನ್ನಡಕ್ಕೆ ತಡೆಯೇ ಇಲ್ಲ. ಕ್ಯೂಬಿಕೋರ್ ಸ್ಕ್ರಿಪ್ಟುಗಳ ಲೊಕೇಲ್ ಫೋಲ್ಡರಿಗೆ ಒಂದು ಕನ್ನಡ ಫೈಲು ಸೇರಿಸಿದರಾಯಿತು.

ಹಳೆಯ ಸರ್ವರ್ ಫೈಲುಗಳ ಸಂಗ್ರಹದ ವಿಷಯದಲ್ಲಿ ಅವಸರವಿದೆ. ಸ್ಯಾಂಪಿನ ಹಳೆಯ ಅಧಿಕೃತ ಚರ್ಚಾತಾಣ 2020ರಲ್ಲಿ ಕೆಟ್ಟು ನಿಂತಾಗ ವರ್ಷಗಳ ಸ್ಕ್ರಿಪ್ಟುಗಳೂ ಪ್ರಶ್ನೋತ್ತರಗಳೂ ಕಣ್ಮರೆಯಾದವು. ಹಳೆಯ ಬಳಗದವರೇ ಸೇರಿ ಓಪನ್.ಎಂಪಿ ಎಂಬ ಮುಕ್ತ ಸರ್ವರನ್ನು ಕಟ್ಟಿದ್ದಾರೆ. ಹಳೆಯ ಗೇಮ್‌ಮೋಡ್‌ಗಳಲ್ಲಿ ಬಹುಪಾಲು ಅದರ ಮೇಲೆ ಓಡುತ್ತವೆ. ಹಾಗಾಗಿ ಗೂಡಲೂರಿನಲ್ಲೋ ಗುಂಡ್ಲುಪೇಟೆಯಲ್ಲೋ ಅಟ್ಟಕ್ಕೇರಿದ ಲ್ಯಾಪ್‌ಟಾಪಿನೊಳಗೆ ಒಂದು ಸರ್ವರ್ ಫೋಲ್ಡರ್ ಉಳಿದಿದ್ದರೆ ಅದು ಇಂದಿಗೂ ಉಪಯೋಗಕ್ಕೆ ಬರುತ್ತದೆ. ಕಂಪೈಲ್ ಆದ ಎಎಂಎಕ್ಸ್ ಫೈಲಿನ ಜೊತೆ ಪಿಡಬ್ಲ್ಯುಎನ್ ಮೂಲವನ್ನೂ, ಇನ್‌ಕ್ಲೂಡ್ ಫೋಲ್ಡರನ್ನೂ ಇಡಬೇಕು. ಸರ್ವರಿನ ಆವೃತ್ತಿ 0.3ಇಯೋ, 0.3ಝಡ್ಡೋ, 0.3.7ಓ ಎಂದು ಬರೆದಿಡಬೇಕು, ಪ್ಲಗಿನ್‌ಗಳು ಕೈಕೊಡುವುದು ಅಲ್ಲೇ. ಆಟಗಾರರ ಫೈಲುಗಳನ್ನೂ ಅಡ್ಮಿನ್ ಪಾಸ್‌ವರ್ಡನ್ನೂ ತೆಗೆದುಹಾಕಬೇಕು. ಮೂಲ ಲೇಖಕರ ಹೆಸರುಗಳ ಸಾಲು ಇದ್ದಂತೆಯೇ ಇರಲಿ. ಓದಿಕೊಳ್ಳಲು ಒಂದು ಪುಟದ ಟಿಪ್ಪಣಿಯನ್ನು ಕನ್ನಡದಲ್ಲೇ ಬರೆದು ಜಿಪ್ಪಿನೊಳಗೆ ಸೇರಿಸಬಹುದು.