ವ್ಯಾಲರೀ ಜೂನ್
ವ್ಯಾಲರೀ ಜೂನ್ (ಜನನ 1982): ಅಮೆರಿಕದ ಗಾಯಕಿ, ಗೀತರಚನಕಾರ್ತಿ. ಟೆನೆಸಿ ರಾಜ್ಯದ ಜಾಕ್ಸನ್‌ನಲ್ಲಿ ಹುಟ್ಟಿ, ಹಂಬೋಲ್ಟ್‌ನಲ್ಲಿ ಬೆಳೆದರು. ಚರ್ಚಿನ ಸಾಮೂಹಿಕ ಗಾಯನವೇ ಅವರ ಮೊದಲ ಪಾಠಶಾಲೆ. ಕಟ್ಟಡ ಕೆಲಸದ ಗುತ್ತಿಗೆದಾರರಾಗಿದ್ದ ತಂದೆ ಸಂಗೀತ ಕಛೇರಿಗಳನ್ನೂ ಏರ್ಪಡಿಸುತ್ತಿದ್ದರು.

ಅದೇ ರಾಜ್ಯದ ಮೆಂಫಿಸ್ ನಗರಕ್ಕೆ ಬಂದ ಜೂನ್, ಮನೆಗಳನ್ನು ಶುಚಿಗೊಳಿಸುವ ಕೆಲಸ ಮಾಡುತ್ತ, ಗಿಡಮೂಲಿಕೆ ಅಂಗಡಿಯಲ್ಲಿ ದುಡಿಯುತ್ತ ಹಾಡಿದರು. 2006 ಮತ್ತು 2008ರ ಆಲ್ಬಮ್‌ಗಳನ್ನು ಯಾವ ಕಂಪನಿಯ ಆಸರೆಯೂ ಇಲ್ಲದೆ ತಾವೇ ಹೊರತಂದರು. ನಂತರದ ಧ್ವನಿಮುದ್ರಣಕ್ಕೆ ಜನರಿಂದ ಹಣ ಸಂಗ್ರಹಿಸುವ ಜಾಲತಾಣ ಕಿಕ್‌ಸ್ಟಾರ್ಟರ್ ಮೂಲಕ ಕೇಳುಗರೇ ಹಣ ಕೂಡಿಸಿದರು. ಹೀಗೆ ರೂಪುಗೊಂಡ ‘ಪುಶಿನ್ ಅಗೇನ್ಸ್ಟ್ ಎ ಸ್ಟೋನ್’ (2013) ಅವರಿಗೆ ವ್ಯಾಪಕ ಮನ್ನಣೆ ತಂದಿತು. ಸಂಗೀತಗಾರ ಡ್ಯಾನ್ ಆರ್ಬಾಕ್ ಅದರ ನಿರ್ಮಾಪಕರಲ್ಲೊಬ್ಬರು. ಮೆಂಫಿಸ್ ಸೋಲ್ ಸಂಗೀತದ ಹಿರಿಯ ಬುಕರ್ ಟಿ. ಜೋನ್ಸ್ ಕೂಡ ಕೈಜೋಡಿಸಿದರು.

ಬ್ಲೂಸ್, ಗಾಸ್ಪೆಲ್, ಸೋಲ್ ಮತ್ತು ಅಪಲೇಶಿಯನ್ ಬೆಟ್ಟಸೀಮೆಯ ಜನಪದ ಸಂಗೀತ ಅವರ ಹಾಡುಗಳಲ್ಲಿ ಒಂದಾಗುತ್ತವೆ. ಬ್ಯಾಂಜೊ ಅಥವಾ ಗಿಟಾರ್ ಮೀಟುತ್ತ, ಮೂಗಿನಲ್ಲಿ ಅನುರಣಿಸುವ ಹರಿತವಾದ ಕಂಠದಲ್ಲಿ ಪದಗಳನ್ನು ಎಳೆದು ಬಾಗಿಸುವುದು ಅವರ ವೈಶಿಷ್ಟ್ಯ. ಆ ಕಂಠ ಒಮ್ಮೆ ಕೇಳಿದರೆ ಮರೆಯುವಂಥದ್ದಲ್ಲ. ‘ದಿ ಆರ್ಡರ್ ಆಫ್ ಟೈಮ್’ (2017) ಮತ್ತೊಂದು ಮುಖ್ಯ ಆಲ್ಬಮ್. ಗಾಯಕಿ ಮೇವಿಸ್ ಸ್ಟೇಪಲ್ಸ್‌ಗೂ ಹಾಡು ಬರೆದುಕೊಟ್ಟಿದ್ದಾರೆ. ಗಾಯಕಿ ಕಾರ್ಲಾ ಥಾಮಸ್ ಜೊತೆಗಿನ ‘ಕಾಲ್ ಮಿ ಎ ಫೂಲ್’ (2021) ಹಾಡು ಗ್ರ್ಯಾಮಿ ಪ್ರಶಸ್ತಿಗೆ ನಾಮನಿರ್ದೇಶನಗೊಂಡಿತು. ಕಪ್ಪು ಕಲಾವಿದರು ಕಟ್ಟಿಯೂ ಹೊರಗುಳಿಯಬೇಕಾಗಿ ಬಂದ ಬ್ಯಾಂಜೊ ಪರಂಪರೆಯಲ್ಲಿ ಅವರ ಸ್ಥಾನ ಹೆಮ್ಮೆಯದು.