ಕೆಂಗೇರಿ: ದಾರಿ ಬೆಳೆಯಿತು, ನೀರು ಕೆಟ್ಟಿತು

ಮೈಸೂರು ಕಡೆಯಿಂದ ಬಸ್ಸಿನಲ್ಲಿ ಬರುವವರಿಗೆ ಕೆಂಗೇರಿ ಅಂದರೆ ಬೆಂಗಳೂರು ಬಂತು ಅಂತ ಚೀಲ ಎತ್ತಿಕೊಳ್ಳುವ ಜಾಗ. ಆದರೆ ಬಹಳ ಕಾಲ ಕೆಂಗೇರಿ ಬೆಂಗಳೂರಿನ ಭಾಗವೇ ಆಗಿರಲಿಲ್ಲ. ತನ್ನದೇ ಕೆರೆ, ಕೋಟೆ, ಹೊಲ, ತೋಟ ಇದ್ದ ಬೇರೆಯೇ ಊರು ಅದು. ಈ ಸಲ ನಾವು ಕೆಂಗೇರಿಯ ಕತೆ ಬರೆಯುತ್ತಿರುವುದಕ್ಕೆ ಕಾರಣ ಇದೆ. ಅಲ್ಲಿ ಆಗಿ ಹೋದದ್ದು ಇವತ್ತು ಬಿಡದಿ, ರಾಮನಗರದ ಕಡೆಯ ಹಳ್ಳಿಗಳಲ್ಲಿ ಆಗುತ್ತಿದೆ.

ತೆಂಗು, ಕೇರಿ ಎರಡೂ ಸೇರಿ ತೆಂಗೇರಿ ಆಯಿತು, ಅದೇ ಬಾಯಿಂದ ಬಾಯಿಗೆ ಕೆಂಗೇರಿ ಆಯಿತು ಎಂಬ ಮಾತಿದೆ. ಊರಿನ ಹಳೆಯ ಭಾಗಕ್ಕೆ ಈಗಲೂ ಕೋಟೆ ಎಂದೇ ಹೆಸರು. ಕೋಟೆ ಏಕೆ ಬೇಕಿತ್ತು ಅಂತ ತಿಳಿಯಲು ದಾರಿ ನೋಡಿದರೆ ಸಾಕು. ಬೆಂಗಳೂರಿನಿಂದ ರಾಮನಗರ, ಚನ್ನಪಟ್ಟಣ, ಮಂಡ್ಯದ ಮೇಲೆ ಶ್ರೀರಂಗಪಟ್ಟಣಕ್ಕೆ ಹೋಗುವ ದಾರಿ ಇಲ್ಲೇ ಹಾದುಹೋಗುತ್ತದೆ. ಬೆಂಗಳೂರು ಪೇಟೆಯಿಂದ ಸುಮಾರು 15 ಕಿಲೋಮೀಟರ್, ಅಂದರೆ ಎತ್ತಿನ ಗಾಡಿಗೆ ಅರ್ಧ ದಿನದ ಹಾದಿ. ಬೆಳಿಗ್ಗೆ ಹೊರಟ ಗಾಡಿಯವರು ಎತ್ತು ಬಿಚ್ಚಿ ನೀರು ಕುಡಿಸಲು ಹೇಳಿ ಮಾಡಿಸಿದಂಥ ದೂರ.

ಆ ದಾರಿಯ ಪಕ್ಕದಲ್ಲೇ ಆಮೇಲೆ ರೈಲು ಬಂತು. ಕೆಂಗೇರಿ ರೈಲು ನಿಲ್ದಾಣ ನೋಡಿದವರಿಗೆ ಅದರ ಹಿಂದೆ ಒಂದು ಬರದ ಕತೆ ಇದೆ ಎಂದು ಅನ್ನಿಸುವುದಿಲ್ಲ. 1876ರಿಂದ 1878ರವರೆಗೆ, ಧಾತು ಮತ್ತು ಈಶ್ವರ ಸಂವತ್ಸರಗಳಲ್ಲಿ, ಮೈಸೂರು ಸಂಸ್ಥಾನಕ್ಕೆ ಭೀಕರ ಕ್ಷಾಮ ಬಡಿಯಿತು. 1871ರ ಜನಗಣತಿಯಲ್ಲಿ 50 ಲಕ್ಷ ದಾಟಿದ್ದ ಜನಸಂಖ್ಯೆ 1881ರ ಹೊತ್ತಿಗೆ ಸುಮಾರು 42 ಲಕ್ಷಕ್ಕೆ ಇಳಿದಿತ್ತು. ಹಸಿದ ಜನಕ್ಕೆ ಕೂಲಿ ಕೊಡಲು ಸರ್ಕಾರ ಹಿಡಿದ ಕೆಲಸಗಳಲ್ಲಿ ಬೆಂಗಳೂರು–ಮೈಸೂರು ರೈಲು ದಾರಿಯೂ ಒಂದು. ಊರು ಬಿಟ್ಟು ಬಂದ ಹಳ್ಳಿಯವರೇ ಮಣ್ಣು ಹೊತ್ತರು. 1882ರಲ್ಲಿ ರೈಲು ಮೈಸೂರು ಮುಟ್ಟಿತು. ಆ ಕೂಲಿಗಳ ನೆನಪಿಗೆ ದಾರಿಯ ಮೇಲೆ ಒಂದು ಕಲ್ಲೂ ನಮ್ಮ ಕಣ್ಣಿಗೆ ಬಿದ್ದಿಲ್ಲ.

ಕೆಂಗೇರಿಗೆ ರೇಷ್ಮೆಯ ನಂಟೂ ಇದೆ. ಮೈಸೂರು ಸೀಮೆಯಲ್ಲಿ ರೇಷ್ಮೆ ಬೆಳೆಸಲು ಮುಂದಾದವನು ಟಿಪ್ಪು ಸುಲ್ತಾನ್. ಹುಳುವಿನ ತಳಿಯನ್ನು ಬಂಗಾಳದಿಂದ ತರಿಸಿದ. 1860ರ ದಶಕದಲ್ಲಿ ಹುಳುಗಳಿಗೆ ರೋಗ ಬಂದು ಬೆಳೆಗಾರರು ಕೈಸುಟ್ಟುಕೊಂಡರು. ಆಗ ಡಿ ವೆಕ್ಕಿ ಎಂಬ ಇಟಲಿಯವನು ಜಪಾನಿನಿಂದ ಹೊಸ ಮೊಟ್ಟೆ ತರಿಸಿ, ಕೆಂಗೇರಿಯಲ್ಲಿ ಉಗಿಯಂತ್ರದಿಂದ ನೂಲು ಬಿಚ್ಚುವ ಕಾರ್ಖಾನೆ ಹಾಕಿದ. ಪ್ರಯತ್ನ ಬಹಳ ದಿನ ನಿಲ್ಲಲಿಲ್ಲ. ಆದರೆ ರೇಷ್ಮೆ ಈ ದಾರಿ ಬಿಟ್ಟು ಹೋಗಲಿಲ್ಲ. ಇದೇ ರಸ್ತೆಯಲ್ಲಿ ಮುಂದೆ ಹೋದರೆ ರಾಮನಗರದ ಗೂಡಿನ ಮಾರುಕಟ್ಟೆ ಇದೆ. ಇವತ್ತಿಗೂ ರೈತರು ಬೆಳಿಗ್ಗೆ ಗೂಡಿನ ಚೀಲ ಇಳಿಸುವುದು ಅಲ್ಲೇ.

ಇನ್ನು ನೀರಿನ ಮಾತು. ವೃಷಭಾವತಿ ಹುಟ್ಟುವುದು ಬಸವನಗುಡಿಯ ದೊಡ್ಡ ಬಸವನ ಪಾದದಲ್ಲಿ ಎಂದು ನಂಬಿಕೆ. ಅದರಿಂದಲೇ ಆ ಹೆಸರು. ಮೈಸೂರು ರಸ್ತೆಯ ಪಕ್ಕದಲ್ಲೇ ಹರಿದು, ನಾಯಂಡಹಳ್ಳಿ, ಕೆಂಗೇರಿ ದಾಟಿ, ಬಿಡದಿ ಹತ್ತಿರದ ಬೈರಮಂಗಲ ಕೆರೆ ಸೇರುತ್ತದೆ. ಮುಂದೆ ಅರ್ಕಾವತಿ, ಆಮೇಲೆ ಕಾವೇರಿ. ಒಂದು ಕಾಲಕ್ಕೆ ಜನ ಇದೇ ಹೊಳೆಯಲ್ಲಿ ಬಟ್ಟೆ ಒಗೆದರು, ದನ ತೊಳೆದರು, ಕುಡಿಯಲೂ ನೀರು ಹೊತ್ತರು. 1940ರ ದಶಕದಲ್ಲಿ ಬೈರಮಂಗಲ ಜಲಾಶಯ ಕಟ್ಟಿದ್ದು ಗದ್ದೆಗಳಿಗೆ ನೀರು ಕೊಡಲು. ನಗರದ ಚರಂಡಿ, ಕಾರ್ಖಾನೆಯ ಕೊಳಚೆ ಹೊಳೆಗೆ ಸೇರಿದ ಮೇಲೆ ಅದೇ ಕಾಲುವೆಯಲ್ಲಿ ನೊರೆ ಬರತೊಡಗಿತು. ಬೇರೆ ನೀರಿಲ್ಲದ ರೈತ ಅದನ್ನೇ ಹೊಲಕ್ಕೆ ಹಾಯಿಸಿದ. ನೀರು ಕೆಡಿಸಿದ ಊರು ಮೇಲೆ, ಅದರ ಫಲ ಉಣ್ಣುವ ಊರು ಕೆಳಗೆ.

2007ರಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ ಆದಾಗ ಏಳು ನಗರಸಭೆ, ಒಂದು ಪುರಸಭೆ, 110 ಹಳ್ಳಿಗಳು ಅದರೊಳಗೆ ಸೇರಿದವು. ಆ ಒಂದೇ ಒಂದು ಪುರಸಭೆ ಕೆಂಗೇರಿಯದು. 2021ರ ಆಗಸ್ಟಿನಲ್ಲಿ ಮೆಟ್ರೋ ಬಂತು, 2023ರಲ್ಲಿ ಚಲ್ಲಘಟ್ಟದವರೆಗೆ ಹೋಯಿತು. ಗಾಡಿಗೆ ಅರ್ಧ ದಿನ ಹಿಡಿಯುತ್ತಿದ್ದ ಹಾದಿ ಈಗ ಗಂಟೆಯೊಳಗೆ ಮುಗಿಯುತ್ತದೆ. ಇದು ಸಣ್ಣ ಅನುಕೂಲ ಅಲ್ಲ. ಆಸ್ಪತ್ರೆಗೆ, ಕಾಲೇಜಿಗೆ, ಕೆಲಸಕ್ಕೆ ಹೋಗುವವರನ್ನು ಕೇಳಿದರೆ ಗೊತ್ತಾಗುತ್ತದೆ.

ಆದರೂ ಮೆಟ್ರೋದಲ್ಲಿ ಕೂತು ನಿಲ್ದಾಣಗಳ ಹೆಸರು ಕೇಳಿಸಿಕೊಳ್ಳಿ: ಹೊಸಹಳ್ಳಿ, ವಿಜಯನಗರ, ಅತ್ತಿಗುಪ್ಪೆ, ನಾಯಂಡಹಳ್ಳಿ, ಪಟ್ಟಣಗೆರೆ. ವಿಜಯನಗರದಂಥದ್ದು ಬಡಾವಣೆಯ ಹೆಸರು, ಮಿಕ್ಕವು ಹಳ್ಳಿಯವು. ಬಸವೇಶ್ವರನಗರ, ರಾಜಾಜಿನಗರದ ಕಡೆ ಹೋದರೂ ಹೀಗೆಯೇ. ಹೊಸ ಬಡಾವಣೆಗಳ ನಡುವೆ ಸಾಣೇಗುರುವನಹಳ್ಳಿ, ಕೇತಮಾರನಹಳ್ಳಿ, ಕುರುಬರಹಳ್ಳಿ. ಅಲ್ಲಿ ಏನು ಬೆಳೆಯುತ್ತಿದ್ದರು, ಗುಂಡುತೋಪು ಎಲ್ಲಿತ್ತು ಎಂದು ಹೇಳುವವರು ಕಡಿಮೆಯಾಗುತ್ತಿದ್ದಾರೆ. ಹೆಸರು ಉಳಿದ ಮಾತ್ರಕ್ಕೆ ಊರು ಉಳಿದಂತೆ ಅಲ್ಲ.

ಹಾಗಾಗಿ ನಮ್ಮದೊಂದು ಮಾತು. ನಿಮ್ಮೂರಿನ ಚರಿತ್ರೆ ಬರೆಯಲು ದೊಡ್ಡ ವಿದ್ವಾಂಸರೇ ಬರಬೇಕಿಲ್ಲ. ಕಂದಾಯ ಇಲಾಖೆಯ ಗ್ರಾಮ ನಕ್ಷೆ ತೆಗೆಸಿ ನೋಡಿ. ಕೆರೆ, ರಾಜಕಾಲುವೆ, ಗುಂಡುತೋಪು, ಸ್ಮಶಾನ, ಬಂಡಿದಾರಿ ಎಲ್ಲ ಅದರಲ್ಲಿ ಕಾಣುತ್ತವೆ. ಗುಡಿ ಮುಂದೆ, ಕೆರೆ ಏರಿ ಮೇಲೆ ಬರಹ ಇರುವ ಕಲ್ಲಿದ್ದರೆ ಬಿ. ಎಲ್. ರೈಸ್ ಅವರ ಎಪಿಗ್ರಾಫಿಯಾ ಕರ್ನಾಟಿಕದಲ್ಲಿ ಹುಡುಕಿ. ಬೆಂಗಳೂರು ಜಿಲ್ಲೆಯ ಶಾಸನಗಳು ಅದರ ಒಂಬತ್ತನೇ ಸಂಪುಟದಲ್ಲಿವೆ. ಕಲ್ಲಿಗೆ ಸುಣ್ಣ, ಬಣ್ಣ ಬಳಿಯಬೇಡಿ, ಫೋಟೋ ತೆಗೆದಿಡಿ. ಊರಿನ ಹಿರಿಯರನ್ನು ಕೂರಿಸಿಕೊಂಡು ಯಾವ ಹೊಲಕ್ಕೆ ಯಾವ ಹೆಸರು, ತೂಬಿನ ನೀರು ಯಾರ ಸರದಿಯಲ್ಲಿ ಹರಿಯುತ್ತಿತ್ತು ಎಂದು ಕೇಳಿ ಫೋನಿನಲ್ಲೇ ರೆಕಾರ್ಡ್ ಮಾಡಿಕೊಳ್ಳಿ.

ಇದು ಬರೀ ನೆನಪಿಗೆ ಅಲ್ಲ. ನಾಳೆ ಕೆರೆ ಒತ್ತುವರಿ ಆದಾಗ, ಕಾಲುವೆ ಮುಚ್ಚಿದಾಗ, ಇಲ್ಲಿ ನೀರಿತ್ತು ಎಂದು ತೋರಿಸಲು ಆ ನಕ್ಷೆ, ಆ ಮಾತು ಬೇಕಾಗುತ್ತದೆ. ರಸ್ತೆ ಯಾರೂ ಕರೆಯದೆಯೂ ಊರಿಗೆ ಬಂದೇ ಬರುತ್ತದೆ. ನೀರನ್ನು ಮಾತ್ರ ಊರವರೇ ಕಾಯಬೇಕು.